ಎರಡು ಚಿತ್ರಗಳ ನಡುವೆ



ನಿಮ್ಮಲ್ಲಿ ಐವತ್ತು ರೂಪಾಯಿಯ ಹೊಸ ನೋಟೊಂದಿದ್ದರೆ ಒಮ್ಮೆ ಹೊರತೆಗೆದು ಅದರ ಹಿಂಬದಿಯನ್ನು ನೋಡಿ. 2017ರಲ್ಲಿ ಚಲಾವಣೆಗೆ ಬಂದ ಆ ನೋಟಿನ ಮೇಲೆ ಹಂಪಿಯ ವಿಠ್ಠಲ ದೇವಸ್ಥಾನದ ಕಲ್ಲಿನ ರಥವಿದೆ. ವಿಜಯನಗರ ಜಿಲ್ಲೆಯ ಒಂದು ಮೂಲೆಯಲ್ಲಿ ನಿಂತಿರುವ ಆ ರಥ ಇಂದು ದೇಶದ ತರಕಾರಿ ಸಂತೆಗಳಲ್ಲಿ, ಬಸ್ಸುಗಳಲ್ಲಿ, ಕಾಣಿಕೆ ಡಬ್ಬಿಗಳಲ್ಲಿ ಕೈಯಿಂದ ಕೈಗೆ ಸಾಗುತ್ತಿದೆ. ನಾವು ನೀವೆಲ್ಲ ಬಲ್ಲ ರಥ ಇದೇ. ಶಾಲೆಯ ಪ್ರವಾಸದಲ್ಲಿ ಅದರ ಮುಂದೆ ಸಾಲಾಗಿ ನಿಂತು ಫೋಟೋ ತೆಗೆಸಿಕೊಂಡವರೂ ನಮ್ಮಲ್ಲಿ ಅನೇಕರಿದ್ದಾರೆ.

ಆದರೆ 1856ರಲ್ಲಿ ತೆಗೆದ ಒಂದು ಛಾಯಾಚಿತ್ರದಲ್ಲಿ ಇದೇ ರಥ ಬೇರೆಯಾಗಿ ಕಾಣುತ್ತದೆ. ಮದ್ರಾಸ್ ಸೈನ್ಯದ ಅಧಿಕಾರಿಯಾಗಿದ್ದ ಅಲೆಕ್ಸಾಂಡರ್ ಗ್ರೀನ್‌ಲಾ ಎಂಬವರು ಆ ಕಾಲಕ್ಕೆ ಹಂಪಿಗೆ ಬಂದು, ದೊಡ್ಡ ಪೆಟ್ಟಿಗೆಯಂಥ ಕ್ಯಾಮೆರಾದಿಂದ ಮೇಣ ಸವರಿದ ಕಾಗದದ ಮೇಲೆ ಹತ್ತಾರು ಚಿತ್ರಗಳನ್ನು ಮೂಡಿಸಿದರು. ಅವರ ಚಿತ್ರದಲ್ಲಿ ಕಲ್ಲಿನ ರಥದ ನೆತ್ತಿಯ ಮೇಲೆ ಇಟ್ಟಿಗೆಯಿಂದ ಕಟ್ಟಿದ ಶಿಖರವೊಂದು ಇದೆ. ಅನಂತರದ ಕಾಲದಲ್ಲಿ ಆ ಶಿಖರವನ್ನು ತೆಗೆದುಹಾಕಲಾಯಿತು. ನೋಟಿನ ಮೇಲಿರುವುದು ಶಿಖರವಿಲ್ಲದ ರಥ. ಕಾಲವನ್ನೇ ಗೆದ್ದು ನಿಂತ ವಸ್ತುವೆಂದು ನಾವು ಭಾವಿಸಿರುವ ರಥವೂ ಬದಲಾಗಿದೆ. ಬದಲಾದದ್ದು ನಮಗೆ ಗೊತ್ತೇ ಆಗಿರಲಿಲ್ಲ.

ಹಾಗಾದರೆ ನಿಜವಾದ ರಥ ಯಾವುದು? ಹಳೆಯ ಚಿತ್ರದ್ದೋ, ಹೊಸ ಚಿತ್ರದ್ದೋ? ಈ ಪ್ರಶ್ನೆ ಕೇವಲ ಕಲ್ಲು ಇಟ್ಟಿಗೆಗಳಿಗೆ ಸಂಬಂಧಿಸಿದ್ದಲ್ಲ ಎಂದು ನನಗೆ ಅನೇಕ ವರ್ಷಗಳಿಂದ ಅನ್ನಿಸುತ್ತಿದೆ. ಹಳೆಯದನ್ನೂ ಹೊಸದನ್ನೂ ಪಕ್ಕಪಕ್ಕ ಇಟ್ಟು ನೋಡುವಾಗ ನಮ್ಮ ಮನಸ್ಸು ಹೇಗೆ ತೀರ್ಪು ನೀಡುತ್ತದೆ, ಆ ತೀರ್ಪು ನ್ಯಾಯವಾದದ್ದೇ ಎಂಬುದು ಆತ್ಮಸಾಕ್ಷಿಗೆ ಸೇರಿದ ವಿಷಯ. ಅದನ್ನು ನಿಮ್ಮೊಂದಿಗೆ ಸ್ವಲ್ಪ ಚಿಂತಿಸಬಯಸುತ್ತೇನೆ.

ಎರಡು ಅವಸರದ ತೀರ್ಪುಗಳು

ಗ್ರೀನ್‌ಲಾ ತೆಗೆದ ಚಿತ್ರಗಳು ಬಹುಕಾಲ ಜನರ ಕಣ್ಣಿಗೆ ಬಿದ್ದಿರಲಿಲ್ಲ. 1980ರ ದಶಕದಲ್ಲಿ ಆಸ್ಟ್ರೇಲಿಯದ ಛಾಯಾಗ್ರಾಹಕ ಜಾನ್ ಗೋಲಿಂಗ್ಸ್ ಅವರು ಹಂಪಿಗೆ ಬಂದು, ಹಳೆಯ ಚಿತ್ರಗಳನ್ನು ಕೈಯಲ್ಲಿ ಹಿಡಿದು, ಗ್ರೀನ್‌ಲಾ ನಿಂತಿದ್ದ ಜಾಗಗಳನ್ನೇ ಹುಡುಕಿ, ಅದೇ ನೋಟಗಳನ್ನು ಮತ್ತೆ ಸೆರೆಹಿಡಿದರು. ಒಂದೇ ಸ್ಥಳ, ಒಂದೇ ಕೋನ. ನಡುವೆ ಸುಮಾರು 125 ವರ್ಷಗಳು. ಇಂಥ ಜೋಡಿ ಚಿತ್ರಗಳನ್ನು ನಾನು ಹಲವರಿಗೆ ತೋರಿಸಿದ್ದೇನೆ. ಕ್ಷಣಾರ್ಧದಲ್ಲಿ ಎರಡು ಬಗೆಯ ಉದ್ಗಾರಗಳು ಹೊರಡುತ್ತವೆ.

ಹಿರಿಯರು ನಿಟ್ಟುಸಿರು ಬಿಡುತ್ತಾರೆ: ‘ಆ ಕಾಲವೇ ಕಾಲ, ಈಗೇನಿದೆ?’ ಕಿರಿಯರು ಹೇಳುತ್ತಾರೆ: ‘ಆಗ ಎಲ್ಲ ಪಾಳುಬಿದ್ದು ಗಿಡಗಂಟಿ ಬೆಳೆದಿತ್ತು, ಈಗ ಎಷ್ಟು ಚೊಕ್ಕಟವಾಗಿದೆ ನೋಡಿ!’ ಒಬ್ಬರಿಗೆ ಹಳೆಯ ಚಿತ್ರ ಸ್ವರ್ಗ, ಇನ್ನೊಬ್ಬರಿಗೆ ಹೊಸ ಚಿತ್ರ ಸ್ವರ್ಗ. ಮೇಲ್ನೋಟಕ್ಕೆ ಇವು ವಿರುದ್ಧ ಅಭಿಪ್ರಾಯಗಳಂತೆ ಕಂಡರೂ ಒಂದು ವಿಷಯದಲ್ಲಿ ಇಬ್ಬರೂ ಒಂದೇ. ಆಗಿಹೋದದ್ದೆಲ್ಲವನ್ನೂ ಇಬ್ಬರೂ ‘ಕಾಲ’ದ ತಲೆಗೆ ಕಟ್ಟುತ್ತಾರೆ. ಕಾಲ ಕೆಡಿಸಿತು ಎನ್ನುತ್ತಾರೆ ಅವರು. ಕಾಲ ಸುಧಾರಿಸಿತು ಎನ್ನುತ್ತಾರೆ ಇವರು. ಕಾಲಕ್ಕೆ ಕೈಗಳಿಲ್ಲ. ಮಳೆ, ಗಾಳಿ, ಬೇರುಗಳು ಮಾಡುವ ಕೆಲಸವನ್ನು ಬಿಟ್ಟರೆ ಉಳಿದದ್ದನ್ನೆಲ್ಲ ಮಾಡಿದವರು ಮನುಷ್ಯರು. ರಥದ ಮೇಲಿನ ಇಟ್ಟಿಗೆಗಳನ್ನು ಒಬ್ಬರು ಕಟ್ಟಿದರು, ಇನ್ನೊಬ್ಬರು ಇಳಿಸಿದರು. ಎರಡು ಚಿತ್ರಗಳ ನಡುವೆ ಇರುವುದು ಬರಿಯ ವರ್ಷಗಳಲ್ಲ, ಮನುಷ್ಯರ ನಿರ್ಧಾರಗಳು.

ಸಂತ ಅಗಸ್ಟೀನರು ತಮ್ಮ ಆತ್ಮನಿವೇದನೆಯ ಹನ್ನೊಂದನೆಯ ಪುಸ್ತಕದಲ್ಲಿ ಕಾಲದ ಬಗ್ಗೆ ದೀರ್ಘವಾಗಿ ವಿಚಾರ ಮಾಡುತ್ತಾರೆ. ಭೂತಕಾಲವೆಂಬುದು ಎಲ್ಲೋ ಹೊರಗೆ ಉಳಿದಿಲ್ಲ, ಅದು ನೆನಪಿನ ರೂಪದಲ್ಲಿ ಈಗಲೂ ನಮ್ಮ ಆತ್ಮದಲ್ಲೇ ಇದೆ ಎಂಬುದು ಅವರ ವಿಚಾರದ ಸಾರ. ಹಾಗಿದ್ದ ಮೇಲೆ ಹಳೆಯ ಚಿತ್ರವನ್ನು ನೋಡುವುದೆಂದರೆ ಕಿಟಕಿಯ ಆಚೆಗೆ ನೋಡುವುದಲ್ಲ. ನಮ್ಮೊಳಗಿನ ಒಂದು ಹೊಣೆಯನ್ನು ನೋಡುವುದು.

ಚಿತ್ರದಲ್ಲಿ ಇಲ್ಲದವರು

ಆ ಕಾಲದ ಚಿತ್ರಗಳಲ್ಲಿ ಇನ್ನೊಂದು ವಿಶೇಷವನ್ನು ನೀವು ಗಮನಿಸಬಹುದು. ಮಂಟಪಗಳಿವೆ, ಗೋಪುರಗಳಿವೆ, ಬಂಡೆಗಳಿವೆ, ಜನರು ವಿರಳ. ಊರೇ ನಿರ್ಜನವಾಗಿತ್ತೆಂದು ನಾವು ಸುಲಭವಾಗಿ ತೀರ್ಮಾನಿಸುತ್ತೇವೆ. ಆದರೆ ಆಗಿನ ವಿಧಾನದಲ್ಲಿ ಕಾಗದದ ಮೇಲೆ ಚಿತ್ರ ಮೂಡಬೇಕಾದರೆ ನಿಮಿಷಗಟ್ಟಲೆ ಬೆಳಕು ಬೀಳಬೇಕಾಗಿತ್ತು. ಅಲುಗಾಡದೆ ನಿಂತದ್ದು ಮಾತ್ರ ಉಳಿಯುತ್ತಿತ್ತು. ತಲೆಯ ಮೇಲೆ ಸೌದೆ ಹೊತ್ತು ಹಾದುಹೋದ ಹೆಣ್ಣುಮಗಳು, ದನ ಅಟ್ಟಿಕೊಂಡು ಹೋದ ಹುಡುಗ ಗುರುತೇ ಇಲ್ಲದಂತೆ ಮಾಯವಾಗುತ್ತಿದ್ದರು. ಕಲ್ಲು ಉಳಿಯಿತು, ಬದುಕು ಉಳಿಯಲಿಲ್ಲ. ಅದು ಯಂತ್ರದ ಮಿತಿ, ಛಾಯಾಗ್ರಾಹಕನ ತಪ್ಪಲ್ಲ.

ಯಂತ್ರದ ಆ ಮಿತಿ ನಮ್ಮ ಮನಸ್ಸಿನ ಮಿತಿಯೂ ಆಗಿಬಿಟ್ಟರೆ ಅದು ತಪ್ಪಾಗುತ್ತದೆ. ಹಂಪಿಯ ವಿರೂಪಾಕ್ಷ ದೇವಸ್ಥಾನದ ಮುಂದಿನ ರಥಬೀದಿಯ ಸಾಲುಮಂಟಪಗಳಲ್ಲಿ ಹಲವು ದಶಕಗಳಿಂದ ಕುಟುಂಬಗಳು ವಾಸವಾಗಿದ್ದವು. ಕಂಬಗಳ ನಡುವೆ ಗೋಡೆ ಎಬ್ಬಿಸಿ ಮನೆ, ಹೋಟೆಲು, ಅಂಗಡಿಗಳನ್ನು ಮಾಡಿಕೊಂಡಿದ್ದರು. 2011ರ ಜುಲೈನಲ್ಲಿ ಅವುಗಳನ್ನು ತೆರವುಗೊಳಿಸಲಾಯಿತು. ಸ್ಮಾರಕದ ರಕ್ಷಣೆಯ ದೃಷ್ಟಿಯಿಂದ ಇದಕ್ಕೆ ಕಾರಣಗಳಿದ್ದವು. ಪುರಾತನ ಕಂಬಗಳನ್ನು ಒಡೆದು ಗೋಡೆ ಕಟ್ಟುವುದನ್ನು ಯಾರೂ ಸಮರ್ಥಿಸಲಾರರು. ಆದರೂ ಇಂದು ಆ ಬೀದಿಯ ಚಿತ್ರವನ್ನೂ ಹತ್ತೊಂಬತ್ತನೆಯ ಶತಮಾನದ ಚಿತ್ರಗಳನ್ನೂ ಪಕ್ಕದಲ್ಲಿಟ್ಟು ‘ನೋಡಿ, ಮೊದಲಿನಂತೆಯೇ ಆಯಿತು’ ಎಂದು ಹೇಳುವಾಗ ನಾವು ಒಂದು ಕ್ಷಣ ತಡೆಯಬೇಕು. ಆ ಹಳೆಯ ಚಿತ್ರಗಳು ಬರಿದಾಗಿ ಕಾಣುವುದಕ್ಕೆ ಕ್ಯಾಮೆರಾ ಚಲಿಸುವವರನ್ನು ಹಿಡಿಯಲಾಗದೆ ಹೋದದ್ದೂ ಒಂದು ಕಾರಣ. ಹಂಪಿಯ ಆ ಬೀದಿ ಅರಸರ ಕಾಲದಲ್ಲಿ ಬಜಾರೇ ಆಗಿತ್ತು. ಮಾರುವವರು, ಕೊಳ್ಳುವವರು, ಜಗಳವಾಡುವವರು ಎಲ್ಲರೂ ಅಲ್ಲಿದ್ದರು. ಬರಿದಾದ ಬೀದಿಯೇ ಶುದ್ಧವಾದ ಬೀದಿ ಎಂಬ ಭಾವನೆ ಇತಿಹಾಸದಿಂದ ಬಂದದ್ದಲ್ಲ. ಒಂದು ಚಿತ್ರದಿಂದ ಬಂದದ್ದು.

ಸ್ಮಾರಕವನ್ನು ಉಳಿಸಬಾರದೆಂದು ನಾನು ಹೇಳುತ್ತಿಲ್ಲ. ಕಲ್ಲಿಗೆ ನ್ಯಾಯ ಒದಗಿಸುವಾಗ ಮನುಷ್ಯನ ಲೆಕ್ಕವನ್ನೂ ಇಡಬೇಕೆಂದು ಮಾತ್ರ ಹೇಳುತ್ತಿದ್ದೇನೆ. ಎಬ್ಬಿಸಿದವರಿಗೆ ನೆಲೆ ಸಿಕ್ಕಿತೇ, ಹೊಟ್ಟೆಗೆ ದಾರಿಯಾಯಿತೇ ಎಂದು ಕೇಳದೆ ಚೆಂದದ ಚಿತ್ರವನ್ನು ಹೊಗಳುವುದು ಅರ್ಧ ಸತ್ಯವನ್ನು ಹೊಗಳಿದಂತೆ.

ಐದು ತಾಲ್ಲೂಕುಗಳ ಕಥೆ

ಹಂಪಿಗೆ ಕ್ಯಾಮೆರಾಗಳ ಕೊರತೆ ಎಂದೂ ಇರಲಿಲ್ಲ. 2021ರಲ್ಲಿ ರಚನೆಯಾದ ವಿಜಯನಗರ ಜಿಲ್ಲೆಯಲ್ಲಿ ಹೊಸಪೇಟೆಯನ್ನು ಬಿಟ್ಟರೆ ಇನ್ನೂ ಐದು ತಾಲ್ಲೂಕುಗಳಿವೆ: ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹೂವಿನಹಡಗಲಿ, ಹರಪನಹಳ್ಳಿ. ಮನೆಯಲ್ಲಿ ಒಬ್ಬ ಮಗ ಹೆಸರುವಾಸಿಯಾದರೆ ಉಳಿದ ಮಕ್ಕಳ ಸುದ್ದಿ ಕೇಳುವವರಿಲ್ಲದ ಹಾಗೆ, ಈ ತಾಲ್ಲೂಕುಗಳ ಹೆಗ್ಗುರುತುಗಳನ್ನು ಹುಡುಕಿಕೊಂಡು ಬರುವವರು ಕಡಿಮೆ. ಆದರೆ ನಮ್ಮ ಪ್ರಶ್ನೆಗೆ ಉತ್ತರ ದೊರೆಯುವುದು ಇಲ್ಲಿಯೇ ಎಂದು ನನ್ನ ಅನುಭವ.

ಹರಪನಹಳ್ಳಿಯ ಹತ್ತಿರದ ಬಾಗಳಿಯ ಕಲ್ಲೇಶ್ವರ ದೇವಸ್ಥಾನವನ್ನು ತೆಗೆದುಕೊಳ್ಳಿ. ಸಾವಿರ ವರ್ಷಗಳಷ್ಟು ಹಳೆಯದು. ಪುರಾತತ್ವ ಅಧಿಕಾರಿ ಅಲೆಕ್ಸಾಂಡರ್ ರೀ ಅವರು ಚಾಲುಕ್ಯ ಶಿಲ್ಪವನ್ನು ಕುರಿತು ಬರೆದು 1896ರಲ್ಲಿ ಪ್ರಕಟವಾದ ಗ್ರಂಥದಲ್ಲಿ ಬಾಗಳಿಯೂ ಇದೆ, ಹಡಗಲಿ ಸೀಮೆಯ ಕುರುವತ್ತಿ, ಹಿರೇಹಡಗಲಿ, ಮಾಗಳದ ಗುಡಿಗಳೂ ಇವೆ. ಆ ಗ್ರಂಥದ ಹೆಸರಿನಲ್ಲೇ ಇವೆಲ್ಲ ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆಗೆ ಸೇರಿದವೆಂದಿದೆ. 1953ರಲ್ಲಿ ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು. 1973ರಲ್ಲಿ ರಾಜ್ಯದ ಹೆಸರು ಕರ್ನಾಟಕವಾಯಿತು. 1997ರಲ್ಲಿ ಹರಪನಹಳ್ಳಿ ತಾಲ್ಲೂಕು ದಾವಣಗೆರೆ ಜಿಲ್ಲೆಗೆ ಹೋಯಿತು. ಮತ್ತೆ ಬಳ್ಳಾರಿಗೆ ಬಂತು. 2021ರಿಂದ ವಿಜಯನಗರ ಜಿಲ್ಲೆಯಲ್ಲಿದೆ. ಗುಡಿ ಒಂದಂಗುಲವೂ ಸರಿಯಲಿಲ್ಲ, ಅದರ ವಿಳಾಸ ಮಾತ್ರ ಐದು ಬಾರಿ ಬದಲಾಯಿತು. ನಾವು ಎದೆ ಬಡಿದುಕೊಂಡು ಹೋರಾಡುವ ಎಷ್ಟೋ ಗುರುತುಗಳು ಚಿತ್ರದ ಕೆಳಗಿನ ಬರಹದಂತೆ, ಚಿತ್ರವಲ್ಲ.

ಹಗರಿಬೊಮ್ಮನಹಳ್ಳಿ ಮತ್ತು ಹಡಗಲಿಯ ಕಡೆಗೆ ಬಂದರೆ ಇನ್ನೊಂದು ಬಗೆಯ ಬದಲಾವಣೆಯನ್ನು ಕಾಣುತ್ತೇವೆ. 1945ರಲ್ಲಿ ತುಂಗಭದ್ರಾ ಅಣೆಕಟ್ಟಿಗೆ ಅಡಿಗಲ್ಲು ಬಿತ್ತು. ಆಗ ನದಿಯ ಒಂದು ದಡ ಮದ್ರಾಸ್ ಸರಕಾರದ್ದು, ಮತ್ತೊಂದು ದಡ ಹೈದರಾಬಾದಿನ ನಿಜಾಮರದು. 1953ರ ಹೊತ್ತಿಗೆ ನೀರು ನಿಂತಿತು. ಸುಮಾರು 90 ಹಳ್ಳಿಗಳು ಮುಳುಗಿದವು. 50 ಸಾವಿರಕ್ಕೂ ಹೆಚ್ಚು ಜನ ಮನೆಮಠ ಬಿಟ್ಟು ಎದ್ದರು. ನಾರಾಯಣದೇವರಕೆರೆಯಂಥ ತುಂಬಿದ ಊರೂ ನೀರಿನಡಿ ಸೇರಿತು. ಅಲ್ಲಿಯ ಅನೇಕರು ಮರಿಯಮ್ಮನಹಳ್ಳಿಯಲ್ಲಿ ಬದುಕು ಕಟ್ಟಿಕೊಂಡರು. ಅದೇ ನೀರಿನಿಂದ ಬಳ್ಳಾರಿ, ಕೊಪ್ಪಳ, ರಾಯಚೂರು ಸೀಮೆಯ ಬರಡು ನೆಲದಲ್ಲಿ ಭತ್ತ ಬೆಳೆಯಿತು. ಬರಗಾಲಕ್ಕೆ ಹೆಸರಾದ ನಾಡು ಉಂಡಿತು. ಆ ಅನ್ನವನ್ನು ನಾವೂ ಉಂಡಿದ್ದೇವೆ.

ಇಲ್ಲಿ ಹಳೆಯ ಚಿತ್ರ ಶ್ರೇಷ್ಠವೋ ಹೊಸ ಚಿತ್ರ ಶ್ರೇಷ್ಠವೋ? ಆ ಪ್ರಶ್ನೆಯೇ ಸಲ್ಲದು. ಇದು ಕೊಡು–ಕೊಳ್ಳುವ ವ್ಯವಹಾರ. ಕೊಟ್ಟವರು ಒಬ್ಬರು, ಪಡೆದವರು ಇನ್ನೊಬ್ಬರು. ಇಂಥಲ್ಲಿ ತೀರ್ಪಿಗಿಂತ ಮುಂಚೆ ಬರಬೇಕಾದದ್ದು ಋಣದ ಅರಿವು. ಬೇಸಿಗೆಯಲ್ಲಿ ಜಲಾಶಯದ ನೀರು ಇಳಿದಾಗ ಮುಳುಗಿದ ಕಟ್ಟಡಗಳ ಅವಶೇಷಗಳು ಮೇಲೆ ಕಾಣಿಸುತ್ತವೆ. ಜನ ಹೋಗಿ ಫೋಟೋ ತೆಗೆದುಕೊಂಡು ಬರುತ್ತಾರೆ. ಆ ಗೋಡೆಗಳು ನಮ್ಮ ಊಟದ ತಟ್ಟೆಗೆ ಸಂದ ಬೆಲೆಯೆಂದು ಮಕ್ಕಳಿಗೆ ಹೇಳುವ ತಂದೆತಾಯಿಗಳು ಎಷ್ಟು ಮಂದಿ?

ಹೊಸತೆಂದುಕೊಂಡ ಅಣೆಕಟ್ಟೂ ಈಗ ಹಳತಾಗಿದೆ. 2024ರ ಆಗಸ್ಟ್ 10ರ ರಾತ್ರಿ ಅದರ 19ನೆಯ ಗೇಟಿನ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ತುಂಬಿದ ಜಲಾಶಯದ ನೀರು ಹರಿದುಹೋಗುವುದನ್ನು ನಾಡೆಲ್ಲ ಉಸಿರು ಬಿಗಿಹಿಡಿದು ನೋಡಿತು. ಹರಿಯುವ ನೀರಿನಲ್ಲೇ ದಿನಗಟ್ಟಲೆ ಹೆಣಗಿ ತಾತ್ಕಾಲಿಕ ಗೇಟು ಕೂರಿಸಿದವರ ಶ್ರಮ ಸಣ್ಣದಲ್ಲ. ಅಂದು ನಮಗೆ ತಿಳಿದದ್ದು ಇಷ್ಟೇ: ಹೆಗ್ಗುರುತುಗಳು ತಾವಾಗಿ ನಿಲ್ಲುವುದಿಲ್ಲ, ಯಾರೋ ಅವನ್ನು ದಿನವೂ ನಿಲ್ಲಿಸುತ್ತಿರುತ್ತಾರೆ.

ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಅಂಕಸಮುದ್ರದ ಕೆರೆಯೂ ಇದನ್ನೇ ಹೇಳುತ್ತದೆ. ಹೊಲಕ್ಕೆ ನೀರುಣಿಸಲು ಹಿಂದಿನವರು ಶತಮಾನಗಳ ಹಿಂದೆ ಕಟ್ಟಿದ ಕೆರೆ ಅದು. ವಿಸ್ತೀರ್ಣ ನೂರು ಹೆಕ್ಟೇರಿಗೂ ತುಸು ಕಡಿಮೆ. ಕೊಕ್ಕರೆಗಳು, ಕೆಂಬರಲುಗಳು ಬಂದು ಗೂಡುಕಟ್ಟಿದವು. ಅದು ಪಕ್ಷಿಗಳ ರಕ್ಷಿತ ತಾಣವಾಯಿತು. 2024ರ ಜನವರಿಯಲ್ಲಿ ರಾಮ್‌ಸರ್ ಪಟ್ಟಿಗೆ ಸೇರಿ ಜಗತ್ತಿನ ಮಹತ್ವದ ಜೌಗು ನೆಲೆಗಳ ಸಾಲಿನಲ್ಲಿ ನಿಂತಿತು. ಕೆರೆ ಕಟ್ಟಿದವರು ಹಕ್ಕಿಗಳಿಗಾಗಿ ಕಟ್ಟಲಿಲ್ಲ. ಅವರು ನೆಟ್ಟ ಒಳಿತು ಅವರು ಎಣಿಸದ ಕಡೆ ಹಣ್ಣಾಯಿತು. ಆದರೆ ನಡುವಿನ ತಲೆಮಾರುಗಳು ಏರಿಯನ್ನು ಒಡೆಯಲು ಬಿಟ್ಟಿದ್ದರೆ, ಕೆರೆಯಂಗಳವನ್ನು ಹಂಚಿಕೊಂಡು ಉತ್ತುಬಿಟ್ಟಿದ್ದರೆ ಇಂದಿನ ಚಿತ್ರವೇ ಇರುತ್ತಿರಲಿಲ್ಲ. ಅವರ ಹೆಸರುಗಳು ಯಾವ ಫಲಕದಲ್ಲೂ ಇಲ್ಲ.

ಎರಡು ರಥಗಳು

ಈಗ ಕೊಟ್ಟೂರಿಗೆ ಬರೋಣ. ಅಲ್ಲಿಯೂ ಒಂದು ರಥವಿದೆ, ಕಲ್ಲಿನದಲ್ಲ, ಮರದ್ದು. ಗುರು ಕೊಟ್ಟೂರೇಶ್ವರರ ತೇರು ವರ್ಷಕ್ಕೊಮ್ಮೆ ಲಕ್ಷಾಂತರ ಜನರ ನಡುವೆ ಸಾಗುತ್ತದೆ; ನೂರಾರು ಕೈಗಳು ಅದರ ಮಿಣಿ ಹಿಡಿಯುತ್ತವೆ. ದಾವಣಗೆರೆ, ಹಾವೇರಿ ಕಡೆಗಳಿಂದ ನಡೆದೇ ಬರುವ ಭಕ್ತರನ್ನು ರಸ್ತೆಯುದ್ದಕ್ಕೂ ನೀವು ಕಂಡಿರುತ್ತೀರಿ. 2017ರ ಫೆಬ್ರವರಿಯಲ್ಲಿ ಉತ್ಸವದ ಸಮಯದಲ್ಲೇ ಆ ಎತ್ತರದ ತೇರು ಜನರ ನಡುವೆ ಉರುಳಿಬಿದ್ದಿತು. ಕೆಲವೇ ಕ್ಷಣಗಳ ಅಂತರದ ಎರಡು ಚಿತ್ರಗಳು, ನಿಂತ ತೇರು ಮತ್ತು ಬಿದ್ದ ತೇರು, ಅಂದು ಸಂಜೆಯೊಳಗೆ ಎಲ್ಲರ ಮೊಬೈಲುಗಳಲ್ಲಿದ್ದವು. ಮುಂದೆ ಹೊಸ ತೇರನ್ನು ಕಟ್ಟಿದರು, ಮತ್ತೆ ಎಳೆದರು.

ಗುರುಮಠದಲ್ಲಿ ತತ್ವಶಾಸ್ತ್ರ ಓದುತ್ತಿದ್ದಾಗ ನಮಗೆ ಒಂದು ಹಳೆಯ ಸಮಸ್ಯೆಯನ್ನು ಕಲಿಸಿದ್ದರು. ಗ್ರೀಕ್ ವೀರ ಥೀಸಿಯಸ್‌ನ ಹಡಗನ್ನು ಅಥೆನ್ಸಿನ ಜನ ನೆನಪಿಗಾಗಿ ಇಟ್ಟುಕೊಂಡಿದ್ದರಂತೆ. ಒಂದೊಂದು ಹಲಗೆ ಶಿಥಿಲವಾದಂತೆ ಅದರ ಜಾಗದಲ್ಲಿ ಹೊಸ ಹಲಗೆ ಹಾಕುತ್ತಾ ಹೋದರು. ಕೊನೆಗೆ ಅದು ಅದೇ ಹಡಗೋ, ಬೇರೆ ಹಡಗೋ ಎಂದು ತತ್ವಜ್ಞಾನಿಗಳು ವಾದಿಸಿದರೆಂದು ಪ್ಲುಟಾರ್ಕ್ ಬರೆಯುತ್ತಾನೆ. ಆಗ ನಾವು ಹುಡುಗರು ಎರಡು ಪಕ್ಷವಾಗಿ ಊಟದ ಗಂಟೆ ಬಾರಿಸುವವರೆಗೂ ಜಗಳವಾಡಿದ್ದುಂಟು. ಈ ಪ್ರಶ್ನೆಯನ್ನು ಕೊಟ್ಟೂರಿನ ಸಂತೆಯಲ್ಲಿ ಕೇಳಿ ನೋಡಿ. ‘ಇದು ಹಳೆಯ ತೇರೋ ಹೊಸದೋ?’ ಎಂದರೆ ಮರ ಹೊಸದು ಎಂದು ಯಾರಾದರೂ ಹೇಳಿಯಾರು. ಆದರೆ ‘ನಮ್ಮ ತೇರು’ ಎಂಬ ಮಾತಿನಲ್ಲಿ ಯಾರಿಗೂ ಸಂದೇಹವಿರಲಾರದು.

ಈ ಎರಡು ರಥಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಹಂಪಿಯ ರಥ ಕಲ್ಲಿನದು; ಅದೇ ಕಲ್ಲು, ಅದೇ ಜಾಗ. ಆದರೆ ಅದನ್ನು ಬಲ್ಲವರ ಸರಪಳಿ ತುಂಡಾಗಿತ್ತು. ಆದ್ದರಿಂದಲೇ ಅದರ ಶಿಖರ ಹೋದದ್ದು ನಮಗೆ ತಿಳಿಯಲಿಲ್ಲ. ದೂರದ ಒಬ್ಬ ಸೈನಿಕನ ಚಿತ್ರವೇ ನಮಗೆ ಅದನ್ನು ಹೇಳಬೇಕಾಯಿತು. ಕೊಟ್ಟೂರಿನದು ಮರದ ತೇರು. ಬಿದ್ದಿತು, ಹೊಸದಾಗಿ ಬಂತು. ಆದರೆ ಮಿಣಿ ಹಿಡಿದ ಕೈಗಳ ಸರಪಳಿ ತುಂಡಾಗಲಿಲ್ಲ. ತಂದೆಯ ಕೈಯಿಂದ ಮಗನ ಕೈಗೆ ಮಿಣಿ ಬಂತು. ಹಾಗಾದರೆ ಉಳಿಯುವುದು ಎಂದರೇನು? ವಸ್ತು ಬದಲಾಗದೆ ಇರುವುದೇ? ಅಥವಾ ಅದನ್ನು ಯಾರಾದರೂ ತಮ್ಮದೆಂದು ಹೊತ್ತು ಮುಂದಿನವರಿಗೆ ದಾಟಿಸುವುದೇ?

ಇದಕ್ಕೆ ಒಂದು ಆಕ್ಷೇಪ ಏಳಬಹುದು. ಹಾಗಿದ್ದರೆ ಹಳೆಯದನ್ನೆಲ್ಲ ಒಡೆದು ಹೊಸದು ಕಟ್ಟಿ ‘ನಮ್ಮದೇ’ ಎಂದರೆ ಸಾಕೇ? ಸಾಲದು. ಕುರುವತ್ತಿಯ ಬಾಗಿಲ ಬಳಿಯ ಕಂಬದ ಮೇಲಿನ ಮದನಿಕೆಯನ್ನು ಕಳೆದುಕೊಂಡರೆ ಅದನ್ನು ಮತ್ತೆ ಕೆತ್ತುವ ಕೈ ಇಲ್ಲ. ಮಾಡಲು ಬಲ್ಲದ್ದನ್ನು ಹೊಸದಾಗಿಸುವುದು ಬೇರೆ, ಮಾಡಲಾರದ್ದನ್ನು ಒಡೆಯುವುದು ಬೇರೆ. ತೇರನ್ನು ಮತ್ತೆ ಕಟ್ಟಬಲ್ಲ ಬಡಗಿಗಳಿದ್ದರು, ಎಳೆಯಬಲ್ಲ ಜನರಿದ್ದರು. ಆದ್ದರಿಂದ ತೇರು ಮರಳಿತು. ಯಾವುದು ಮರಳಬಲ್ಲದು, ಯಾವುದು ಮರಳಲಾರದು ಎಂದು ಕೈ ಎತ್ತುವ ಮೊದಲೇ ವಿವೇಚಿಸುವುದು ನಮ್ಮ ಕರ್ತವ್ಯ. ಈ ವಿವೇಚನೆಯಲ್ಲಿ ಸ್ವತಃ ನಾನೇ ಎಡವಿದ್ದೇನೆ.

ನನ್ನದೊಂದು ತಪ್ಪು

ಸುಮಾರು ಇಪ್ಪತ್ತು ವರ್ಷಗಳ ಹಿಂದಿನ ಮಾತು. ನಾನು ಸೇವೆ ಸಲ್ಲಿಸುತ್ತಿದ್ದ ಒಂದು ಧರ್ಮಕೇಂದ್ರದಲ್ಲಿ ಸಣ್ಣ ಹಳೆಯ ಚರ್ಚು ಇತ್ತು. ಮಳೆಗೆ ಸೋರುತ್ತಿತ್ತು, ಹಬ್ಬದ ದಿನ ಅರ್ಧ ಜನ ಹೊರಗೇ ನಿಲ್ಲಬೇಕಿತ್ತು. ಹೊಸದನ್ನು ಕಟ್ಟಲೇಬೇಕಾಗಿತ್ತು, ಅದರಲ್ಲಿ ತಪ್ಪಿರಲಿಲ್ಲ. ಕೆಡವುವ ಮೊದಲು ನಾನು ಪಟ್ಟಣದಿಂದ ಫೋಟೋದವನನ್ನು ಕರೆಸಿ ನಾಲ್ಕು ದಿಕ್ಕಿನಿಂದಲೂ ಚಿತ್ರ ತೆಗೆಸಿದೆ. ದೊಡ್ಡದಾಗಿ ಮಾಡಿಸಿ, ಗಾಜು ಹಾಕಿಸಿ, ಹೊಸ ಸಭಾಂಗಣದ ಗೋಡೆಗೆ ತೂಗುಹಾಕಿದೆ. ‘ನೆನಪನ್ನು ಉಳಿಸಿದ್ದೇವೆ’ ಎಂದು ಉದ್ಘಾಟನೆಯ ದಿನ ಭಾಷಣದಲ್ಲಿ ಹೇಳಿಯೂಬಿಟ್ಟೆ.

ಕಾರ್ಯಕ್ರಮ ಮುಗಿದ ಮೇಲೆ ವಯಸ್ಸಾದ ತಾಯಿಯೊಬ್ಬರು ಆ ನಾಲ್ಕೂ ಚಿತ್ರಗಳ ಮುಂದೆ ಬಹಳ ಹೊತ್ತು ನಿಂತಿದ್ದರು. ಕಣ್ಣಿಗೆ ಕೈ ಅಡ್ಡ ಹಿಡಿದು ಒಂದೊಂದನ್ನೂ ನೋಡಿದರು. ಆಮೇಲೆ ನನ್ನನ್ನು ಕೇಳಿದರು: ‘ಫಾದರ್, ಇದರಾಗ ಆ ಕಟ್ಟಿ ಎಲ್ಲೈತಿ?’

ಹಳೆಯ ಚರ್ಚಿನ ಮಗ್ಗುಲಲ್ಲಿ, ಬೇವಿನ ಮರದ ಕೆಳಗೆ ಒಂದು ಕಲ್ಲಿನ ಕಟ್ಟೆ ಇತ್ತು. ಕಟ್ಟಡದ ಭಾಗವೆಂದು ನನಗೆ ಅದು ತೋರಿರಲಿಲ್ಲ, ಫೋಟೋದವನಿಗೂ ತೋರಲಿಲ್ಲ. ನಾಲ್ಕು ಚಿತ್ರಗಳಲ್ಲಿ ಒಂದರಲ್ಲೂ ಅದು ಬಂದಿರಲಿಲ್ಲ. ‘ಕೂಸು ಕಟಗೊಂಡು ಹೊತ್ತು ಮೂಡೂಕಿಂತ ಮುಂಚೆ ಹಳ್ಳಿಯಿಂದ ನಡಕೊಂತ ಬರ್ತಿದ್ವಿ. ಪೂಜಿ ಸುರುವಾಗೂತನಕ ಆ ಕಟ್ಟಿ ಮ್ಯಾಲೇ ಕುಂತು ಹಾಲು ಕುಡಿಸ್ತಿದ್ದೆ. ಮೂರು ಮಕ್ಕಳನ್ನ ಅಲ್ಲೇ ಬೆಳೆಸೀನಿ’ ಎಂದರು. ಅವರ ದನಿಯಲ್ಲಿ ಆರೋಪ ಇರಲಿಲ್ಲ. ಕಳೆದುಹೋದ ಚೀಲವನ್ನು ಹುಡುಕುವವರಂತೆ ಕೇಳುತ್ತಿದ್ದರು. ನನ್ನಲ್ಲಿ ಉತ್ತರವಿರಲಿಲ್ಲ. ಕಟ್ಟೆಯ ಚಪ್ಪಡಿಗಳು ಹೊಸ ಅಡಿಪಾಯದಲ್ಲಿ ಎಲ್ಲೋ ಸೇರಿಹೋಗಿದ್ದವು.

ಅಂದು ನನಗೆ ಎರಡು ವಿಷಯಗಳು ಅರ್ಥವಾದವು. ಚಿತ್ರ ತೆಗೆದುಕೊಂಡದ್ದನ್ನೇ ನಾನು ಕೆಡವಲು ಪರವಾನಗಿಯೆಂದು ಭಾವಿಸಿದ್ದೆ. ಫೋಟೋ ಇದೆಯಲ್ಲ ಎಂಬ ಧೈರ್ಯದಲ್ಲಿ ಯಾರನ್ನೂ ಏನನ್ನೂ ಕೇಳಲಿಲ್ಲ. ಎರಡನೆಯದು, ಹೆಗ್ಗುರುತು ಯಾವುದೆಂದು ತೀರ್ಮಾನಿಸುವವನು ನಾನೇ ಎಂದುಕೊಂಡಿದ್ದೆ. ನನ್ನ ಕಣ್ಣಿಗೆ ಚರ್ಚಿನ ಮುಖಮಂಟಪ ಹೆಗ್ಗುರುತಾಗಿತ್ತು. ಆ ತಾಯಿಗೆ ಕಟ್ಟೆ. ಮೊದಲೇ ಕೇಳಿದ್ದರೆ ಕಟ್ಟೆಯನ್ನು ಉಳಿಸಿಕೊಳ್ಳುವುದು ಏನೇನೂ ಕಷ್ಟವಿರಲಿಲ್ಲ. ಆತ್ಮಶೋಧನೆ ಮಾಡಿಕೊಳ್ಳುವಾಗ ಮಾಡಿದ್ದನ್ನು ಮಾತ್ರವಲ್ಲ, ಮಾಡದೆ ಬಿಟ್ಟದ್ದನ್ನೂ ನೆನೆಯಬೇಕೆಂದು ನಾವು ಕಲಿಸುತ್ತೇವೆ. ನಾನು ಕೇಳದೆ ಬಿಟ್ಟ ಆ ಒಂದು ಪ್ರಶ್ನೆ ಇಂದಿಗೂ ನನ್ನ ಪಟ್ಟಿಯಲ್ಲಿದೆ.

ಒಳಗೆ ನೋಡುವುದು

ಕೊಟ್ಟೂರಿನಿಂದ ಸ್ವಲ್ಪ ದೂರದಲ್ಲಿರುವ ಉಜ್ಜಿನಿಯ ದೇವಸ್ಥಾನದ ಬಗ್ಗೆ ಈ ಸೀಮೆಯಲ್ಲಿ ಒಂದು ಮಾತಿದೆ: ಹಂಪಿಯನ್ನು ಹೊರಗೆ ನೋಡು, ಉಜ್ಜಿನಿಯನ್ನು ಒಳಗೆ ನೋಡು. ಹಂಪಿಯ ಸೊಬಗು ಬಯಲಲ್ಲಿ ಹರಡಿದೆ. ಉಜ್ಜಿನಿಯದು ಒಳಗಿನ ಕೆತ್ತನೆಯಲ್ಲಿದೆ ಎಂಬುದು ಅದರ ಅರ್ಥ. ಚಿತ್ರಗಳನ್ನು ಹೋಲಿಸುವ ನಮಗೆ ಈ ಮಾತು ಒಳ್ಳೆಯ ಮಾರ್ಗದರ್ಶಿ. ಕ್ಯಾಮೆರಾ ಹೊರಗನ್ನು ನೋಡುತ್ತದೆ. ಒಳಗನ್ನು ನೋಡಬೇಕಾದರೆ ಕೇಳಬೇಕಾಗುತ್ತದೆ. ಕೂಡ್ಲಿಗಿ ಪಟ್ಟಣದಲ್ಲಿ ಗಾಂಧೀಜಿಯವರ ಚಿತಾಭಸ್ಮವಿರುವ ಸ್ಮಾರಕವಿದೆ. ಅದರ ಫೋಟೋ ತೆಗೆದರೆ ಒಂದು ಸ್ಮಾರಕ ಕಾಣುತ್ತದೆ, ಅಷ್ಟೇ. ಒಂದು ಹಿಡಿ ಬೂದಿಯನ್ನು ದೆಹಲಿಯಿಂದ ಇಷ್ಟು ದೂರದ ಊರಿನವರು ತಮ್ಮಲ್ಲಿ ಇರಿಸಿಕೊಳ್ಳಬೇಕೆಂದು ಏಕೆ ಬಯಸಿದರು ಎಂಬುದು ಯಾವ ಚಿತ್ರದಲ್ಲೂ ಬಾರದು. ಅದನ್ನು ಒಬ್ಬರು ಹೇಳಬೇಕು, ಇನ್ನೊಬ್ಬರು ಕೇಳಬೇಕು.

ಹಾಗಾದರೆ ಎರಡು ಚಿತ್ರಗಳು ನಿಮ್ಮ ಮುಂದೆ ಬಂದಾಗ ‘ಆಗ ಚೆನ್ನಾಗಿತ್ತೇ, ಈಗ ಚೆನ್ನಾಗಿದೆಯೇ?’ ಎಂಬ ಪ್ರಶ್ನೆಯನ್ನು ಸ್ವಲ್ಪ ಬದಿಗಿಡಿ. ಬದಲಿಗೆ ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳಿ. ಈ ನಡುವೆ ಇದನ್ನು ಹೊತ್ತವರು ಯಾರು? ಅವರಿಗೆ ಕೃತಜ್ಞತೆ ಸಲ್ಲಬೇಕು. ಈ ಬದಲಾವಣೆಗೆ ಬೆಲೆ ತೆತ್ತವರು ಯಾರು? ಅವರ ಋಣ ನಮ್ಮ ಮೇಲಿದೆ. ಇದರಲ್ಲಿ ನಾನು ಮಾಡಿದ್ದೇನು, ಮಾಡದೆ ಬಿಟ್ಟದ್ದೇನು? ಅದಕ್ಕೆ ಪಶ್ಚಾತ್ತಾಪ ಬೇಕು, ಸಾಧ್ಯವಾದಲ್ಲಿ ಪರಿಹಾರ ಬೇಕು. ಕೃತಜ್ಞತೆ, ಋಣ, ಪಶ್ಚಾತ್ತಾಪಗಳಿಲ್ಲದ ಹಳೆಯ ಚಿತ್ರಗಳ ಪ್ರೀತಿ ಬರಿಯ ಹಂಬಲವಾಗಿ ಉಳಿಯುತ್ತದೆ. ಅದರಿಂದ ಯಾರಿಗೂ ಒಳಿತಾಗದು.

ಕೊನೆಯದಾಗಿ ಒಂದು ಚಿಕ್ಕ ಕೆಲಸವನ್ನು ನಿಮಗೆ ಒಪ್ಪಿಸುತ್ತೇನೆ. ನಿಮ್ಮ ಮನೆಯ ಗೋಡೆಯ ಮೇಲೋ, ಟ್ರಂಕಿನ ತಳದಲ್ಲೋ ಹಳೆಯ ಚಿತ್ರಗಳಿರುತ್ತವೆ: ಯಾರದೋ ಮದುವೆ, ಮೊದಲ ಪರಮಪ್ರಸಾದದ ದಿನ, ಹಳೆಯ ಚರ್ಚಿನ ಮುಂದೆ ಬಿಳಿ ಬಟ್ಟೆ ತೊಟ್ಟು ಸಾಲಾಗಿ ನಿಂತ ಜನ. ಅದರಲ್ಲಿರುವ ಎಲ್ಲರ ಹೆಸರುಗಳನ್ನು ಬಲ್ಲವರು ಬಹುಶಃ ನಿಮ್ಮ ಮನೆಯಲ್ಲಿ ಒಬ್ಬರೇ ಉಳಿದಿರಬಹುದು, ಅಜ್ಜಿಯೋ ದೊಡ್ಡಪ್ಪನೋ. ಈ ಭಾನುವಾರ ಬಲಿಪೂಜೆ ಮುಗಿಸಿ ಬಂದ ಮೇಲೆ ಅವರ ಪಕ್ಕದಲ್ಲಿ ಕುಳಿತುಕೊಳ್ಳಿ. ಮಕ್ಕಳನ್ನೂ ಕರೆಯಿರಿ. ‘ಇವರು ಯಾರು? ಇದು ಎಲ್ಲಿ? ಈ ಚಿತ್ರದ ಆಚೆ ಏನಿತ್ತು?’ ಎಂದು ಕೇಳಿ. ಹೇಳಿದ್ದನ್ನು ಪೆನ್ಸಿಲಿನಿಂದ ಚಿತ್ರದ ಹಿಂಬದಿಯಲ್ಲಿ ಮೆಲ್ಲಗೆ ಬರೆದಿಡಿ. ಚಿತ್ರಕ್ಕೆ ಬಾರದೆ ಹೊರಗುಳಿದವರ ಹೆಸರನ್ನೂ ಬರೆಯಿರಿ.

ಆ ತಾಯಿ ತೀರಿಕೊಂಡು ಹತ್ತು ವರ್ಷಗಳ ಮೇಲಾಯಿತು. ಅವರು ಇರುವಾಗಲೇ ನಾನು ಆ ನಾಲ್ಕು ಚಿತ್ರಗಳ ಕೆಳಗೆ ಒಂದು ಸಣ್ಣ ಚೀಟಿ ಅಂಟಿಸಿದ್ದೆ: ‘ಎಡಮಗ್ಗುಲಲ್ಲಿ, ಬೇವಿನ ಮರದಡಿ, ದೂರದ ಹಳ್ಳಿಗಳಿಂದ ಬರುತ್ತಿದ್ದ ತಾಯಂದಿರು ಕೂಡುತ್ತಿದ್ದ ಕಟ್ಟೆ ಇತ್ತು.’ ಮರುವರ್ಷ ಊರಿನ ಯುವಕರು ಯಾರೂ ಹೇಳದೆಯೇ ಹೊಸ ಚರ್ಚಿನ ಮಗ್ಗುಲಲ್ಲಿ ಒಂದು ಕಟ್ಟೆ ಕಟ್ಟಿದರು. ಅದು ಹಳೆಯ ಕಟ್ಟೆಯಲ್ಲ. ಬೇವಿನ ಮರವೂ ಇಲ್ಲ. ಈಚೆಗೆ ಆ ಕಡೆ ಹೋಗಿದ್ದಾಗ ಒಬ್ಬ ಹೆಣ್ಣುಮಗಳು ಮಡಿಲಲ್ಲಿ ಕೂಸನ್ನು ಮಲಗಿಸಿಕೊಂಡು ಅದರ ಮೇಲೆ ಕುಳಿತಿದ್ದಳು. ಗಂಟೆ ಬಾರಿಸಲು ಇನ್ನೂ ಹೊತ್ತಿತ್ತು.